ವಿಸ್ಕ್ರಿಗೆ ಹೋದವರು ಹೇಳಿ: ಅಮ್ಮನಿಗೆ ಊಟಕ್ಕೇನು?

ಪ್ರಶ್ನೆ: ಕೆಲಸದ ಮೇಲೆ ರೊಮೇನಿಯಾದ ಬುಕಾರೆಸ್ಟ್‌ನಲ್ಲಿದ್ದೇನೆ. ಸೆಪ್ಟೆಂಬರ್‌ಗೆ ಅಮ್ಮ ಬರ್ತಿದ್ದಾರೆ, "ಅರಮನೆ ಸಾಕು, ಹಳ್ಳಿ ತೋರಿಸು" ಅಂತಾರೆ. ಟ್ರಾನ್ಸಿಲ್ವೇನಿಯಾದ ವಿಸ್ಕ್ರಿ ಆಗಬಹುದಾ? ಅಮ್ಮ ಮೊಟ್ಟೆ ಕೂಡ ಮುಟ್ಟಲ್ಲ, ಮಂಡಿನೋವು ಬೇರೆ.

ಬ್ರಶೋವ್‌ನಿಂದ: ಮೊದಲು ನನ್ನ ಎಡವಟ್ಟು ಕೇಳಿ. ನಾವು ಉಳಿಯೋ ಮನೆಯ ವಿಳಾಸದಲ್ಲಿ ‘ಬುನೆಷ್ಟ್’ ಅಂತಿತ್ತು. ಮ್ಯಾಪ್‌ಗೆ ಅದನ್ನೇ ಹಾಕಿದೆ, ಸಿಗಿಶ್ವಾರಾಗೆ ಹೋಗೋ ಹೆದ್ದಾರಿಯಲ್ಲಿ ಲಾರಿಗಳ ಮಧ್ಯೆ ತಂದು ನಿಲ್ಲಿಸಿತು. ಬುನೆಷ್ಟ್ ಊರಿನ ಹೆಸರೂ ಹೌದು, ಕಮ್ಯೂನಿನ ಹೆಸರೂ ಹೌದು. ಕಮ್ಯೂನ್ ಅಂದ್ರೆ ಹೆಚ್ಚುಕಮ್ಮಿ ನಮ್ಮ ಗ್ರಾಮ ಪಂಚಾಯಿತಿ. ಬುನೆಷ್ಟ್, ಕ್ರಿತ್ಸ್, ಮೆಶೆಂಡೋರ್ಫ್, ರೊವಾದೆಶ್, ವಿಸ್ಕ್ರಿ, ಐದೂ ಊರು ಅದರೊಳಗೆ. ವಿಸ್ಕ್ರಿ ಹೆದ್ದಾರಿಯಿಂದ ಇನ್ನೂ 7-8 ಕಿಮೀ ಒಳಗಿದೆ. ಕಾರಿಲ್ಲದೆ ಅಮ್ಮನ್ನ ಕರ್ಕೊಂಡು ಹೊರಡಬೇಡಿ. ಕಾರು ಮನೆ ಬಾಗಿಲ ತನಕ ಬಿಡ್ತಾರಾ ಅಂತ ಮನೆಯವರನ್ನ ಮೊದಲೇ ಕೇಳ್ಕೊಳ್ಳಿ, ಮಂಡಿನೋವು ಅಂದ್ರಲ್ಲ.

ಕ್ಲೂಜ್‌ನಿಂದ: ಊಟದ ವಿಷಯ ನಾನು ಹೇಳ್ತೀನಿ. ‘ವೆಜಿಟೇರಿಯನ್’ ಅಂದಿದ್ದಕ್ಕೆ ನನಗೆ ಬಂದಿದ್ದು ಮಾಂಸದ ರಸದಲ್ಲಿ ಬೇಯಿಸಿದ ತರಕಾರಿ ಸೂಪ್! ‘ದೆ ಪೋಸ್ಟ್’ ಅನ್ನಿ. ಆರ್ಥೊಡಾಕ್ಸ್ ಕ್ರೈಸ್ತರ ಉಪವಾಸದ ಅಡುಗೆ ಅದು. ಮಾಂಸ, ಮೊಟ್ಟೆ, ಹಾಲು ಯಾವುದೂ ಇರಲ್ಲ. ಮೀನಿಗೆ ಕೆಲವು ದಿನ ವಿನಾಯಿತಿ ಇದೆ, ಹಾಗಾಗಿ ಅದೊಂದು ಕೇಳಿಬಿಡಿ. ಮಮಲಿಗಾ ಅಂದ್ರೆ ಮೆಕ್ಕೆಜೋಳದ ಮುದ್ದೆ. ಜಕುಸ್ಕಾ ಅಂದ್ರೆ ಸುಟ್ಟ ಬದನೆಕಾಯಿ, ಕೆಂಪು ದೊಣ್ಣೆಮೆಣಸು, ಟೊಮೆಟೊ ಹಾಕಿದ್ದು, ಖಾರ ಹಾಕೋಕೆ ಮರೆತ ಬದನೆಕಾಯಿ ಗೊಜ್ಜು ಅಂದ್ಕೊಳ್ಳಿ. ಶರತ್ಕಾಲದಲ್ಲಿ ಚಳಿಗಾಲಕ್ಕೆ ಬಾಟಲಿ ತುಂಬೋರು ಅಂಗಳದಲ್ಲೇ ಮೆಣಸು ಸುಡ್ತಿರ್ತಾರೆ, ಬೀದಿಯೆಲ್ಲಾ ಘಮ. ನಮ್ಮತ್ತೆ ಚೀಲದಿಂದ ಮಿಡಿ ಉಪ್ಪಿನಕಾಯಿ ತೆಗೆದು ಎರಡು ಮುದ್ದೆ ಮುಗಿಸಿದ್ರು. ಮನೆಯಾಕೆಗೂ ಒಂದು ಮಿಡಿ ಕೊಟ್ರು. ಆಯಮ್ಮ ಕಣ್ಣೀರು ಒರೆಸ್ಕೊಂಡು ಇನ್ನೊಂದು ಕೇಳಿದ್ಲು.

ಮ್ಯೂನಿಕ್‌ನಿಂದ: ಒಂದು ರಾತ್ರಿ ಉಳಿಯಿರಿ, ಇಲ್ಲದಿದ್ರೆ ಹೋಗಲೇಬೇಡಿ. ಬ್ರಿಟನ್ನಿನ ಈಗಿನ ರಾಜ ಚಾರ್ಲ್ಸ್ 2006ರಲ್ಲಿ ಅಲ್ಲೊಂದು ಮನೆ ಕೊಂಡಿದ್ರು. ಕೋಟೆ ಕಟ್ಟಿದ ಚರ್ಚ್ ಇರೋ ಈ ಊರು 1999ರಿಂದ ಯುನೆಸ್ಕೊ ಪಟ್ಟಿಯಲ್ಲೂ ಇದೆ. ಹಗಲಿಡೀ ಫೋಟೊದವರ ಕಾಟ. ಅವರು ಹೊರಟ ಮೇಲೆ ಸಂಜೆ ಹಸುಗಳು ಮೇವು ಮುಗಿಸಿ ಬೀದಿಗೆ ಬರ್ತವೆ. ಒಂದೊಂದೂ ತನ್ನ ಮನೆ ಹೆಬ್ಬಾಗಿಲಿಗೆ ತಾನೇ ತಿರುಗುತ್ತೆ. ನಾವು ನೋಡಿದ ದಿನ ಒಂದು ಹಸುವಿನ ಬಾಗಿಲು ಮುಚ್ಚಿತ್ತು. ಕೊಂಬಲ್ಲಿ ತಟ್ಟಿ ತಟ್ಟಿ ನಿಂತಿತ್ತು. ಬೆಂಚಿನ ಮೇಲೆ ಕೂತೇ ನೋಡಬಹುದು, ಮಂಡಿಗೆ ತೊಂದರೆಯಿಲ್ಲ.

ಚರ್ಚಿನ ಗೋಪುರ ಅಮ್ಮನಿಗೆ ಬೇಡ. ಆದರೆ ಒಳಗೆ ಹೋಗಿ ಬನ್ನಿ. ಅದನ್ನ ಕಟ್ಟಿದ ಜರ್ಮನ್ ಮಾತಿನ ಸ್ಯಾಕ್ಸನ್ನರು 12ನೇ ಶತಮಾನದಿಂದ ಆ ಸೀಮೆಗೆ ಬಂದು ನೆಲೆಸಿದವರು. 1989ರಲ್ಲಿ ಕಮ್ಯುನಿಸ್ಟ್ ಆಡಳಿತ ಉರುಳಿಸಿದ ಕ್ರಾಂತಿಯಾದ ಮೇಲೆ ಹೆಚ್ಚಿನವರು ಜರ್ಮನಿಗೆ ಹೊರಟುಹೋದ್ರು. ಗದ್ದಲ ಬೇಡ ಅಂದ್ರೆ ಅದೇ ಕಮ್ಯೂನಿನ ಕ್ರಿತ್ಸ್ ನೋಡಿ. ಅಲ್ಲೂ ಕೋಟೆ ಚರ್ಚ್ ಇದೆ, ನನಗಂತೂ ಅದೇ ಹಿಡಿಸಿತು.

ಬ್ರಶೋವ್‌ನಿಂದ ಮತ್ತೆ: ಹುಲ್ಲುಗಾವಲ ಕಡೆ ಹೋದ್ರೆ ಕುರಿಮಂದೆಯ ನಾಯಿಗಳು ಮೈಮೇಲೆ ಬರ್ತವೆ. ಓಡಬೇಡಿ, ನಿಂತು ಕುರುಬನನ್ನ ಕೂಗಿ.

ಪ್ರಶ್ನೆ ಕೇಳಿದವರು: ಕಾರು ಹೇಳಿದೆ. ಅಮ್ಮನಿಗೆ ಹಸು, ಮುದ್ದೆ ಎರಡೂ ಹೇಳಿದೆ, ನಾಯಿ ವಿಷಯ ಹೇಳಿಲ್ಲ. ಮಿಡಿ ಉಪ್ಪಿನಕಾಯಿ ಎರಡು ಬಾಟಲಿ ಕಟ್ಟಿಟ್ಟಾಗಿದೆಯಂತೆ.