ಸಿಡ್ನಿ ಸ್ಮಿತ್ ಚರ್ಚ್ ಸುಧಾರಣೆಯನ್ನು ವಿರೋಧಿಸಿದ್ದೇಕೆ?

ಹಳೆಕಪಾಟು (ಪ್ರಶ್ನೆ):
ಇಂಗ್ಲೆಂಡಿನ ಪಾದ್ರಿ ಸಿಡ್ನಿ ಸ್ಮಿತ್ ಅವರ ಬರಹಗಳನ್ನು ಓದುತ್ತಿದ್ದೇನೆ. ಕ್ಯಾಥೊಲಿಕರಿಗೆ ಸಮಾನ ಹಕ್ಕು ಕೊಡಿ ಎಂದು 1807ರಲ್ಲೇ ವಾದಿಸಿದವರು, ಕಳ್ಳಬೇಟೆಯವರನ್ನು ಕೊಲ್ಲಲು ಜಮೀನುದಾರರು ಹೂಡುತ್ತಿದ್ದ, ತಂತಿ ತಗುಲಿದರೆ ತಾನೇ ಸಿಡಿಯುವ ಸ್ಪ್ರಿಂಗ್ ಬಂದೂಕುಗಳನ್ನು ಖಂಡಿಸಿದವರು. ಅಂಥವರು 1837ರಿಂದ ಆರ್ಚ್‌ಡೀಕನ್ ಸಿಂಗಲ್ಟನ್‌ಗೆ ಬರೆದ ಪತ್ರಗಳಲ್ಲಿ ಚರ್ಚ್ ಆಯೋಗದ ಮೇಲೆ ಹರಿಹಾಯುತ್ತಾರೆ. ಕೆಥೀಡ್ರಲ್‌ಗಳ (ಬಿಷಪ್‌ರ ಮುಖ್ಯ ಚರ್ಚುಗಳ) ಹುದ್ದೆಗಳನ್ನು ಕಡಿಮೆ ಮಾಡಿ, ಆ ಹಣವನ್ನು ಬಡ ಪ್ಯಾರಿಷ್‌ಗಳಿಗೆ (ಊರಿನ ಚರ್ಚುಗಳಿಗೆ) ಕೊಡುವುದು ಆಯೋಗದ ಯೋಜನೆ. ಇದರಲ್ಲಿ ತಪ್ಪೇನಿತ್ತು? ತಮ್ಮ ಬುಡಕ್ಕೆ ಬಂದಾಗ ನ್ಯಾಯ ಮರೆತುಹೋಯಿತೇ?

ಪಾಟೀಸವಾಲು:
ನಾನು ಕ್ರಿಮಿನಲ್ ವಕೀಲ. ಹಾಗಾಗಿ ಸ್ಮಿತ್ ಅವರನ್ನು ಓದತೊಡಗಿದ್ದು ಚರ್ಚಿನ ಕಡೆಯಿಂದಲ್ಲ, ಕಟಕಟೆಯ ಕಡೆಯಿಂದ. 1836ರವರೆಗೆ ಇಂಗ್ಲೆಂಡಿನಲ್ಲಿ ಒಂದು ವಿಚಿತ್ರವಿತ್ತು. ಸಣ್ಣಪುಟ್ಟ ಅಪರಾಧದ ಮೊಕದ್ದಮೆಯಲ್ಲಿ ಆರೋಪಿಯ ಪರ ವಕೀಲ ಪೂರ್ತಿ ವಾದ ಮಂಡಿಸಬಹುದಿತ್ತು. ರಾಜದ್ರೋಹದಲ್ಲೂ 1696ರಿಂದ ಆ ಅವಕಾಶವಿತ್ತು. ಕೊಲೆ, ದರೋಡೆಯಂಥ, ಕುತ್ತಿಗೆಗೆ ನೇಣು ಬೀಳಬಹುದಾದ ಪ್ರಕರಣಗಳಲ್ಲಿ ಮಾತ್ರ ಬೇರೆ ನಿಯಮ: ವಕೀಲ ಸಾಕ್ಷಿಗಳ ಪಾಟೀಸವಾಲು ಮಾಡಬಹುದಿತ್ತು, ಕಾನೂನಿನ ಅಂಶ ಎತ್ತಬಹುದಿತ್ತು. ಆದರೆ ಜ್ಯೂರಿಯ ಮುಂದೆ ಒಂದು ಮಾತು ಆಡುವಂತಿರಲಿಲ್ಲ! ನ್ಯಾಯಾಧೀಶರೇ ಆರೋಪಿಯ ವಕೀಲರಿದ್ದಂತೆ, ಬೇರೆಯವರೇಕೆ ಎಂಬುದು ಸಮಜಾಯಿಷಿ. 1826ರಲ್ಲಿ ‘ಎಡಿನ್‌ಬರೋ ರಿವ್ಯೂ’ ಪತ್ರಿಕೆಯಲ್ಲಿ ಸ್ಮಿತ್ ಈ ಸಮಜಾಯಿಷಿಯ ಸಿಪ್ಪೆ ಸುಲಿದರು. ಅದಕ್ಕೂ ಮೊದಲು, 1824ರಲ್ಲಿ, ಯಾರ್ಕ್ ನಗರದ ಕೆಥೀಡ್ರಲ್ ಆದ ಯಾರ್ಕ್ ಮಿನ್‌ಸ್ಟರ್‌ನಲ್ಲಿ ನ್ಯಾಯಾಧೀಶರನ್ನು ಎದುರಿಗೇ ಕೂರಿಸಿಕೊಂಡು ಪ್ರವಚನ ಮಾಡಿದ್ದರು. ಆರಿಸಿಕೊಂಡ ವಚನ ಯಾವುದು ಗೊತ್ತೇ? ‘ಕಾನೂನಿನಂತೆ ನ್ಯಾಯ ಹೇಳಲು ಕುಳಿತ ನೀನು ಕಾನೂನಿಗೆ ವಿರುದ್ಧವಾಗಿ ನನ್ನನ್ನು ಹೊಡೆಸುತ್ತೀಯಾ’ ಎಂದು ಪೌಲನು ಮಹಾಯಾಜಕನನ್ನು ಕೇಳುವ ಮಾತು. ಗುಂಡಿಗೆ ಬೇಕು.

ಈಗ ಆಯೋಗವನ್ನು ನೋಡಿ. 1835ರಲ್ಲಿ ಅದರಲ್ಲಿ ಕುಳಿತವರು ಆರ್ಚ್‌ಬಿಷಪ್‌ಗಳು, ಬಿಷಪ್‌ಗಳು ಮತ್ತು ಮಂತ್ರಿಗಳು. ಕತ್ತರಿ ಬೀಳುವುದು ಡೀನ್‌ಗಳ (ಕೆಥೀಡ್ರಲ್‌ನ ಮುಖ್ಯ ಪಾದ್ರಿಗಳು), ಕ್ಯಾನನ್‌ಗಳ (ಅವರ ಕೈಕೆಳಗಿನ ಕೆಥೀಡ್ರಲ್ ಪಾದ್ರಿಗಳು) ಮೇಲೆ. ಅವರ ಪರವಾಗಿ ಒಬ್ಬನೂ ಇಲ್ಲ. ನಿಮ್ಮ ಹಿತ ನಾವೇ ನೋಡಿಕೊಳ್ಳುತ್ತೇವೆ ಎಂದು ಬಿಷಪ್‌ಗಳು ಹೇಳಿದ್ದಕ್ಕೂ ನ್ಯಾಯಾಧೀಶರೇ ಆರೋಪಿಯ ವಕೀಲರು ಎಂದಿದ್ದಕ್ಕೂ ನನಗೆ ವ್ಯತ್ಯಾಸ ಕಾಣುವುದಿಲ್ಲ. ಸ್ಮಿತ್ ಎರಡೂ ಕಡೆ ಎತ್ತಿದ್ದು ಒಂದೇ ತಕರಾರು: ಶಿಕ್ಷೆ ಅನುಭವಿಸುವವನ ಮಾತನ್ನು ಕೇಳಿದಿರಾ?

ಚರಿತ್ರೆಪಾಠ:
ವಕೀಲರೇ, ನಿಮ್ಮ ಕಕ್ಷಿದಾರರು ಸ್ವತಃ 1831ರಿಂದ ಸೇಂಟ್ ಪಾಲ್ಸ್ ಕೆಥೀಡ್ರಲ್‌ನ ಕ್ಯಾನನ್. ಯಾರ್ಕ್‌ಷೈರ್‌ನ ಫಾಸ್ಟನ್ ಪ್ಯಾರಿಷ್ 1806ರಲ್ಲೇ ಸಿಕ್ಕಿದ್ದರೂ ಲಂಡನ್ ಬಿಟ್ಟು ಯಾರ್ಕ್‌ಷೈರ್‌ಗೆ ಹೋಗಿದ್ದು 1809ರಲ್ಲಿ, ಆರ್ಚ್‌ಬಿಷಪ್ ಒತ್ತಾಯಿಸಿದ ಮೇಲೆ. ಆಯೋಗದ ಕಾಲದಲ್ಲಿ ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್‌ಗೆ ವರ್ಷಕ್ಕೆ ಸುಮಾರು 19,000 ಪೌಂಡ್ ಬರುತ್ತಿದ್ದರೆ, ನಿಜವಾಗಿ ದುಡಿಯುವ ಕ್ಯುರೇಟ್‌ಗೆ (ಸಹಾಯಕ ಪಾದ್ರಿಗೆ) ಸರಾಸರಿ 80 ಪೌಂಡಿನ ಆಸುಪಾಸು. ಇದಕ್ಕೆ ಸ್ಮಿತ್ ಕೊಟ್ಟ ಸಮರ್ಥನೆ ಲಾಟರಿಯದು: ಕೆಲವು ದೊಡ್ಡ ಬಹುಮಾನಗಳಿದ್ದರೆ ತಾನೇ ಅನುಕೂಲಸ್ಥರ ಮಕ್ಕಳು ಆಸೆಯಿಂದ ತಮ್ಮ ಹಣ ಹಾಕಿಕೊಂಡು ಪಾದ್ರಿಗಳಾಗುತ್ತಾರೆ! ಬಹುಮಾನ ಬಾರದ ಕ್ಯುರೇಟ್‌ನ ಮಾತನ್ನು ಯಾರು ಕೇಳಿದರು? ಅವನಿಗೂ ಆಯೋಗದಲ್ಲಿ ಜಾಗವಿರಲಿಲ್ಲ.

ಪಾಟೀಸವಾಲು:
ಕ್ಯುರೇಟ್ ವಿಷಯ ಒಪ್ಪಿದೆ, ಲಾಟರಿ ವಾದವನ್ನು ನಾನೂ ಸಮರ್ಥಿಸುವುದಿಲ್ಲ. ಆದರೆ ಸ್ವಾರ್ಥದ ಆರೋಪ ನಿಲ್ಲುವುದಿಲ್ಲ. ಹುದ್ದೆಯಲ್ಲಿದ್ದವರ ಆದಾಯವನ್ನು ಅವರು ಇರುವವರೆಗೆ ಮುಟ್ಟುವುದಿಲ್ಲ ಎಂಬುದೇ ಯೋಜನೆಯಾಗಿತ್ತು. ಸ್ಮಿತ್ ಜೇಬಿನಿಂದ ಬಿಡಿಗಾಸೂ ಹೋಗುತ್ತಿರಲಿಲ್ಲ. ಇನ್ನೊಂದು: 1840ರ ಕಾಯ್ದೆ ಉಳಿದ ಎಲ್ಲ ಬಿಷಪ್‌ಗಳ ಜೊತೆಗೆ ಕ್ಯಾಂಟರ್‌ಬರಿ, ಸೇಂಟ್ ಪಾಲ್ಸ್, ವೆಸ್ಟ್‌ಮಿನ್‌ಸ್ಟರ್ ಡೀನ್‌ಗಳನ್ನೂ ಆಯೋಗಕ್ಕೆ ಸೇರಿಸಿತು. ತಕರಾರಿನಲ್ಲಿ ಹುರುಳಿಲ್ಲದಿದ್ದರೆ ಸೇರಿಸುತ್ತಿದ್ದರೇ? ಹುದ್ದೆಗಳ ಕಡಿತ ಮಾತ್ರ ಅದೇ ಕಾಯ್ದೆಯಲ್ಲಿ ನಡೆದೇಹೋಯಿತು, ಬಿಡಿ.

ಚರಿತ್ರೆಪಾಠ:
ಹಳೆಕಪಾಟು ಅವರೇ, ಸಿಂಗಲ್ಟನ್ ಪತ್ರಗಳ ಜೊತೆಗೆ ಲ್ಯಾಂಡಾಫ್‌ನ ಬಿಷಪ್ ರಿಚರ್ಡ್ ವಾಟ್ಸನ್ 1783ರಲ್ಲಿ ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್‌ಗೆ ಬರೆದ ಪತ್ರವನ್ನೂ ಓದಿ. ಬಿಷಪ್‌ಗಳ ಆದಾಯ ಸಮನಾಗಲಿ ಎಂದು ಆಯೋಗಕ್ಕೆ ಅರ್ಧ ಶತಮಾನ ಮೊದಲೇ ಕೇಳಿದ ಮನುಷ್ಯ. ಅವರ ಧರ್ಮಪ್ರಾಂತ ವೇಲ್ಸ್‌ನಲ್ಲಿ, ವಾಸ ಮಾತ್ರ ವಿಂಡರ್‌ಮಿಯರ್ ಸರೋವರದ ದಡದಲ್ಲಿ. ವಕೀಲರು ಇವರ ವಕಾಲತ್ತನ್ನೂ ವಹಿಸುತ್ತಾರೇನೋ ಕೇಳಿ ನೋಡಿ.