ಸಹಾಯ ಬೇಕು: ತುರ್ಕಿ ಪ್ರೇಮಕಥೆಗಳನ್ನು ಕೇಳುತ್ತಾ ಕಲಿಯುತ್ತಿದ್ದೇನೆ

ಎಲ್ಲರಿಗೂ ನಮಸ್ಕಾರ. ಐದಾರು ತಿಂಗಳಿಂದ ತುರ್ಕಿ ಭಾಷೆ ಕಲಿಯುತ್ತಿದ್ದೇನೆ. ರಾತ್ರಿ ದೀಪ ಆರಿಸಿ, ಇಯರ್‌ಫೋನ್ ಹಾಕಿಕೊಂಡು ಆ ಭಾಷೆಯ ಪ್ರೇಮಕಥೆಗಳನ್ನು ಕೇಳುವುದು ಈಗ ಬಿಡಲಾಗದ ಅಭ್ಯಾಸ. ಅರ್ಧಕ್ಕರ್ಧ ಅರ್ಥವಾಗುವುದಿಲ್ಲ. ಆದರೂ ತಗ್ಗಿದ ದನಿಯಲ್ಲಿ ಯಾರೋ ‘ಜಾನಿಮ್’, ಅಂದರೆ ‘ನನ್ನ ಜೀವವೇ’, ಎಂದು ಕರೆದಾಗ ಎದೆ ತುಂಬಿ ಬರುತ್ತದೆ. ಅವರ ‘ಗೆಲ್ಮಿಶ್’ ಎಂದರೆ ‘ಬಂದನಂತೆ’. ಆ ‘ಮಿಶ್’ನೊಳಗೆ ನಮ್ಮ ‘ಅಂತೆ’ಯೇ ಕುಳಿತಿದೆ! ಅಜ್ಜಿ ಕಥೆ ಹೇಳಿದ ಹಾಗೆಯೇ ಕೇಳಿಸುತ್ತದೆ.

ತೊಡಕಿರುವುದು ‘ಓ’ ಎಂಬ ಸರ್ವನಾಮದಲ್ಲಿ. ಅವನು, ಅವಳು, ಅದು ಮೂರಕ್ಕೂ ಅದೊಂದೇ. ನಿನ್ನೆಯ ಕಥೆಯಲ್ಲಿ ಬಾಸ್ಫರಸ್ ಜಲಸಂಧಿ ದಾಟುವ ಹಡಗಿನ ಕಟಕಟೆ ಹಿಡಿದು ಅತ್ತದ್ದು ಅವನೋ ಅವಳೋ, ಮೂರು ಸಲ ಕೇಳಿದರೂ ತಿಳಿಯಲಿಲ್ಲ. ಕ್ರಿಯಾಪದವೂ ಲಿಂಗ ಹೇಳುವುದಿಲ್ಲ.

ತುರ್ಕಿ ಬಲ್ಲವರು ಇದನ್ನು ಕಿವಿಯಿಂದಲೇ ಹೇಗೆ ಗುರುತಿಸುತ್ತೀರಿ? ತುರ್ಕಿಯ ಸರ್ಕಾರಿ ಪ್ರಸಾರ ಸಂಸ್ಥೆ ಟಿಆರ್‌ಟಿ ರೇಡಿಯೊದ ‘ಅರ್ಕಸಿ ಯಾರಿನ್’ (ಮುಂದಿನದು ನಾಳೆ) ಮಾದರಿಯ ಧಾರಾವಾಹಿ ನಾಟಕಗಳು ಬರಹರೂಪದ ಜೊತೆಗೆ ಎಲ್ಲಿ ಸಿಗುತ್ತವೆ? ಹತ್ತು ಹದಿನೈದು ನಿಮಿಷದ್ದಾದರೆ ಸಾಕು. ಹಿನ್ನೆಲೆ ಸಂಗೀತದ ಅಬ್ಬರ ಮಾತ್ರ ಬೇಡ, ಉಸಿರಿನ ಸದ್ದೂ ಕೇಳಬೇಕು. ದಯವಿಟ್ಟು ತಿಳಿಸಿ.