ಅರಸೀಕೆರೆ ಜಂಕ್ಷನ್ನಿಗೆ ಮನವಿ: 27 ಬೇಡಿಕೆಗಳಲ್ಲಿ ಯಾವುದನ್ನು ಉಳಿಸಿಕೊಳ್ಳಬೇಕು?

ಪ್ರಶ್ನೆ

ಅರಸೀಕೆರೆ ಜಂಕ್ಷನ್ ರೈಲು ನಿಲ್ದಾಣಗಳನ್ನು ನವೀಕರಿಸುವ ಅಮೃತ ಭಾರತ ನಿಲ್ದಾಣ ಯೋಜನೆಯಲ್ಲಿದೆ. 2023ರ ಆಗಸ್ಟ್ 6ರಂದು ದೇಶದ 508 ನಿಲ್ದಾಣಗಳಿಗೆ ಒಟ್ಟಿಗೆ ಶಂಕುಸ್ಥಾಪನೆ ಆದಾಗ ಇದೂ ಸೇರಿತ್ತು. ಊರಿನ ರೈಲು ಬಳಕೆದಾರರೆಲ್ಲ ಸೇರಿ ರೈಲ್ವೆಯ ಮೈಸೂರು ವಿಭಾಗಕ್ಕೆ ಒಂದು ಮನವಿ ಕೊಡಬೇಕೆಂದಿದ್ದೇವೆ. ಪಟ್ಟಿ ಈಗ 27ಕ್ಕೆ ಏರಿದೆ: ಹೊಸ ರೈಲು, ನಿಲುಗಡೆ, ಲಿಫ್ಟ್, ನೆರಳು, ನೀರು, ಶೌಚಾಲಯ, ಕಮಾನು, ಎಲ್ಲವೂ ಇದೆ. ಮುಖ್ಯವಾದ ತೊಂದರೆ ಗಾಡಿ ಬದಲಿಸುವವರದು. ಹುಬ್ಬಳ್ಳಿ ಕಡೆಯಿಂದ ಬಂದು ಹಾಸನ ಕಡೆಗೆ ಹೋಗುವ ವಯಸ್ಸಾದವರು ಸಾಮಾನು ಹೊತ್ತು ಮೇಲ್ಸೇತುವೆ ಹತ್ತಿ ಇಳಿಯಬೇಕು. ಯಾವುದನ್ನು ಕೇಳಬೇಕು, ಯಾರನ್ನು ಕೇಳಬೇಕು, ಜೊತೆಗೆ ಯಾವ ಅಂಕಿ ಇಡಬೇಕು? ತಿಳಿದವರು ಹೇಳಿ.

ಕಮರ್ಷಿಯಲ್ ಕಡೆಯ ಅನುಭವ

ಮೊದಲು ಪಟ್ಟಿಯನ್ನು ಮೂರು ಭಾಗ ಮಾಡಿ. 27 ಬೇಡಿಕೆಯ ಮನವಿಗೆ 27 ಸಾಲಿನ ಉತ್ತರ ಬರುತ್ತದೆ, ಅದರಲ್ಲಿ ಇಪ್ಪತ್ತು ಸಾಲು 'ಪರಿಶೀಲಿಸಲಾಗುವುದು' ಎಂದೇ ಇರುತ್ತದೆ.

ಹೊಸ ರೈಲು ಮತ್ತು ಎಕ್ಸ್‌ಪ್ರೆಸ್ ನಿಲುಗಡೆ ರೈಲ್ವೆ ಮಂಡಳಿ ತೀರ್ಮಾನಿಸುವ ವಿಷಯ. ವಿಭಾಗದವರು ಹೆಚ್ಚೆಂದರೆ ಶಿಫಾರಸು ಮಾಡಬಹುದು. ಅವಕ್ಕೆ ಬೇರೆ ಪತ್ರ ಬರೆದು ಸಂಸದರ ಮೂಲಕ ಕಳಿಸಿ. ನೆರಳು, ಕುಡಿಯುವ ನೀರು, ಆಸನ, ಶೌಚಾಲಯ, ಸೂಚನಾ ಫಲಕ ಪ್ರಯಾಣಿಕ ಸೌಕರ್ಯದಡಿ ಬರುತ್ತವೆ. ಇವು ಡಿಆರ್‌ಎಂ (ವಿಭಾಗದ ಮುಖ್ಯಸ್ಥರು) ಕಚೇರಿಯಲ್ಲಿ ಸೀನಿಯರ್ ಡಿಸಿಎಂ (ವಾಣಿಜ್ಯ ಶಾಖೆಯ ಹಿರಿಯ ಅಧಿಕಾರಿ) ಮತ್ತು ಎಂಜಿನಿಯರಿಂಗ್ ಶಾಖೆಯ ಕೆಲಸ. ಅಮೃತ ಭಾರತ ಕಾಮಗಾರಿಯನ್ನು ವಿಭಾಗದ ಗತಿಶಕ್ತಿ ಘಟಕ ನೋಡಿಕೊಳ್ಳುತ್ತದೆ, ಹಾಗಾಗಿ ಅದಕ್ಕೂ ಒಂದು ಪ್ರತಿ ಇರಲಿ. ಮೂರನೆಯದು ಯಾವ ಗಾಡಿ ಯಾವ ಪ್ಲಾಟ್‌ಫಾರ್ಮಿಗೆ ಎಂಬಂಥ ಓಡಾಟದ ವಿಷಯ. ಇದು ಸೀನಿಯರ್ ಡಿಒಎಂಗೆ, ಅಂದರೆ ಗಾಡಿ ಓಡಾಟ ನೋಡಿಕೊಳ್ಳುವ ಹಿರಿಯ ಅಧಿಕಾರಿಗೆ ಸೇರಿದ್ದು. ಸಾಮಾನ್ಯವಾಗಿ ಯಾರೂ ಕೇಳದ, ದುಡ್ಡೇ ಖರ್ಚಾಗದ ಬೇಡಿಕೆಗಳು ಇಲ್ಲೇ ಇರುತ್ತವೆ.

ಇನ್ನೊಂದು ವಿಷಯ ಜಂಕ್ಷನ್‌ಗಳಿಗೆಂದೇ ಹೇಳಬೇಕು. ನಿಲ್ದಾಣದ ದರ್ಜೆ, ಅಂದರೆ ಎನ್‌ಎಸ್‌ಜಿ 1ರಿಂದ 6 (1 ಅತಿ ದೊಡ್ಡದು, 6 ಅತಿ ಚಿಕ್ಕದು), ನಿಗದಿಯಾಗುವುದು ಟಿಕೆಟ್ ಆದಾಯ ಅಥವಾ ಅಲ್ಲಿಂದ ಹೊರಡುವ ಪ್ರಯಾಣಿಕರ ಲೆಕ್ಕದ ಮೇಲೆ. ವರ್ಷಕ್ಕೆ 10ರಿಂದ 20 ಕೋಟಿ ರೂ. ಆದಾಯ ಅಥವಾ 20ರಿಂದ 50 ಲಕ್ಷ ಪ್ರಯಾಣಿಕರಿದ್ದರೆ ಎನ್‌ಎಸ್‌ಜಿ 4. 20ರಿಂದ 100 ಕೋಟಿ ಅಥವಾ 50 ಲಕ್ಷದಿಂದ ಒಂದು ಕೋಟಿ ಇದ್ದರೆ ಎನ್‌ಎಸ್‌ಜಿ 3. ಕನಿಷ್ಠ ಸೌಲಭ್ಯಗಳ ಮಟ್ಟ ಈ ದರ್ಜೆಯನ್ನೇ ಹಿಡಿದು ಹೋಗುತ್ತದೆ. ದಾವಣಗೆರೆಯಲ್ಲಿ ಹಾಸನಕ್ಕೆ ನೇರ ಟಿಕೆಟ್ ತೆಗೆದು ಅರಸೀಕೆರೆಯಲ್ಲಿ ಗಾಡಿ ಬದಲಿಸುವವರು ಈ ಲೆಕ್ಕದಲ್ಲಿ ದಾವಣಗೆರೆಯವರು. ನಿಮ್ಮ ಮೆಟ್ಟಿಲು, ನಲ್ಲಿ, ಬೆಂಚು ಬಳಸುವವರು ಅವರೇ, ಆದರೆ ನಿಮ್ಮ ಖಾತೆಯಲ್ಲಿ ಅವರಿಲ್ಲ. ಈ ಸಂಖ್ಯೆಯನ್ನು ನೀವೇ ಎಣಿಸಿ ಕೊಡದಿದ್ದರೆ ಕಡತದಲ್ಲಿ ಅದು ಎಲ್ಲೂ ಕಾಣುವುದಿಲ್ಲ.

ಎಣಿಸುವುದು ಹೇಗೆ: ಇನ್ನೊಬ್ಬರು

ಮೇಲಿನವರ ಮಾತಿಗೆ ಸೇರಿಸುತ್ತೇನೆ. ಮೇಲ್ಸೇತುವೆಯ ಬುಡದಲ್ಲಿ ಇಬ್ಬರು ನಿಲ್ಲಿ, ಒಬ್ಬರು ಹತ್ತುವವರನ್ನು, ಒಬ್ಬರು ಇಳಿಯುವವರನ್ನು ಎಣಿಸಲಿ. ಗಾಡಿ ನಿಂತ ಹೊತ್ತಿನಿಂದ 15 ನಿಮಿಷ ಸಾಕು. ಏಳು ದಿನ ಬಿಡದೆ ಮಾಡಿ. ಶುಕ್ರವಾರ ಸಂಜೆ ಮತ್ತು ಭಾನುವಾರ ರಾತ್ರಿಯನ್ನಷ್ಟೇ ಎಣಿಸಿದರೆ ಅಂಕಿ ಉಬ್ಬುತ್ತದೆ, ಅಧಿಕಾರಿಗಳಿಗೆ ಅದು ತಕ್ಷಣ ಗೊತ್ತಾಗುತ್ತದೆ. ಗಾಡಿ ಸಂಖ್ಯೆ, ಬರಬೇಕಿದ್ದ ಸಮಯ, ಬಂದ ಸಮಯ, ನಿಂತ ಪ್ಲಾಟ್‌ಫಾರ್ಮ್, ಹತ್ತಿದವರು, ಅವರಲ್ಲಿ ಕೋಲು ಹಿಡಿದವರು ಅಥವಾ ಮಗು ಎತ್ತಿಕೊಂಡವರು, ಇಷ್ಟು ಕಾಲಂ ಇರಲಿ. ಪ್ಲಾಟ್‌ಫಾರ್ಮ್ ಟಿಕೆಟ್ ಮರೆಯಬೇಡಿ: 10 ರೂಪಾಯಿ, ಎರಡು ಗಂಟೆ ನಡೆಯುತ್ತದೆ. ಎಣಿಸುವ ಭರದಲ್ಲಿ ಹಳಿ ದಾಟಿದರೆ ರೈಲ್ವೆ ಕಾಯ್ದೆಯ 147ನೇ ಕಲಂ ಪ್ರಕಾರ ಕೇಸು ನಿಮ್ಮ ಮೇಲೆಯೇ ಬೀಳುತ್ತದೆ.

ಸಿವಿಲ್ ಕಡೆಯ ಅನುಭವ

'ಪ್ಲಾಟ್‌ಫಾರ್ಮ್ ಉದ್ದ ಮಾಡಿ' ಎಂದು ಬರೆಯಬೇಡಿ, ಎಷ್ಟು ಮೀಟರ್ ಎಂದು ಬರೆಯಿರಿ. ಹಳೆಯ ಐಸಿಎಫ್ ಮಾದರಿಯ ಬೋಗಿ ತುದಿಯಿಂದ ತುದಿಗೆ ಸುಮಾರು 22.3 ಮೀ. ಹೊಸ ಎಲ್‌ಎಚ್‌ಬಿ ಮಾದರಿಯ ಬೋಗಿ ಸುಮಾರು 24 ಮೀ. 24 ಬೋಗಿಯ ಗಾಡಿಗೆ ಮೊದಲನೆಯದರಲ್ಲಿ 535 ಮೀ, ಎರಡನೆಯದರಲ್ಲಿ 576 ಮೀ ಆಗುತ್ತದೆ; ಎಂಜಿನ್ನಿಗೆ ಇನ್ನೊಂದು 20 ಮೀ. ವ್ಯತ್ಯಾಸ 41 ಮೀಟರ್, ಅಂದರೆ ಹತ್ತಿರಹತ್ತಿರ ಎರಡು ಬೋಗಿ. ಹಿಂದೆ ಸರಿಹೋಗುತ್ತಿದ್ದ ಪ್ಲಾಟ್‌ಫಾರ್ಮಿನಲ್ಲಿ ಈಗ ಕೊನೆಯ ಜನರಲ್ ಬೋಗಿ ಜಲ್ಲಿಯ ಮೇಲೆ ನಿಲ್ಲುವುದು ಈ ಕಾರಣಕ್ಕೆ. ಗಾಡಿ ಅದೇ, ಬೋಗಿಯ ಸಂಖ್ಯೆಯೂ ಅದೇ, ಉದ್ದ ಮಾತ್ರ ಬೇರೆ.

ಉದ್ದ ಅಳೆಯುವಾಗ ಎರಡೂ ತುದಿಯ ಇಳಿಜಾರನ್ನು ಬಿಡಿ. ಆ ಇಳಿಜಾರು 1:6ಕ್ಕಿಂತ ಕಡಿದಾಗಿರಬಾರದು, 80 ಸೆಂ.ಮೀ. ಎತ್ತರಕ್ಕೆ ತುದಿಗೊಂದರಂತೆ ಸುಮಾರು 5 ಮೀ ಅಲ್ಲೇ ಹೋಗುತ್ತದೆ. ಬಾಗಿಲು ಅಲ್ಲಿ ಬಂದರೆ ಇಳಿಯಲಾಗದು. ಹಾಗೆಯೇ ಬೋಗಿ ಸೂಚಕ ಫಲಕಗಳು ಹಳೆಯ 22 ಮೀ ಅಂತರದಲ್ಲೇ ಉಳಿದಿವೆಯೇ ನೋಡಿ. ಉಳಿದಿದ್ದರೆ ಎಸ್-10 ಫಲಕದ ಕೆಳಗೆ ನಿಂತವನಿಗೆ ಬೇರೆ ಬೋಗಿ ಎದುರಾಗುತ್ತದೆ, ಎರಡು ನಿಮಿಷದ ನಿಲುಗಡೆಯಲ್ಲಿ ಓಡಬೇಕಾಗುತ್ತದೆ.

ಎತ್ತರದ ಲೆಕ್ಕ: ಎತ್ತರದ ಪ್ಲಾಟ್‌ಫಾರ್ಮ್ ಹಳಿಯ ಮೇಲ್ಮಟ್ಟದಿಂದ 76ರಿಂದ 84 ಸೆಂ.ಮೀ. ಇರಬೇಕು. ಬೋಗಿಯ ನೆಲ ಸುಮಾರು 1.3 ಮೀ ಎತ್ತರದಲ್ಲಿರುತ್ತದೆ. ಅಂದರೆ ಎಲ್ಲ ಸರಿಯಿದ್ದರೂ ಅರ್ಧ ಮೀಟರ್ ಹತ್ತಲೇಬೇಕು. ಜಲ್ಲಿ ತುಂಬಿ ಹಳಿ ಎತ್ತುತ್ತಾ ಹೋದಂತೆ ಪ್ಲಾಟ್‌ಫಾರ್ಮ್ ತಗ್ಗುತ್ತದೆ. ಕಟ್ಟುವಾಗ 80 ಇದ್ದದ್ದು ಕೆಲವು ವರ್ಷದಲ್ಲಿ 70 ಆಗಬಹುದು. ಮುಟ್ಟಿದ್ದು ಹಳಿಯನ್ನು, ಕುಗ್ಗಿದ್ದು ಪ್ಲಾಟ್‌ಫಾರ್ಮ್. ನೀವು ಅಳೆಯಲು ಹೋಗಬೇಡಿ, ಪ್ರತಿ ಪ್ಲಾಟ್‌ಫಾರ್ಮಿನ ಈಗಿನ ಎತ್ತರ ಎಷ್ಟು ಎಂದು ಲಿಖಿತವಾಗಿ ಕೇಳಿ.

ನೆರಳಿನ ವಿಷಯದಲ್ಲೂ ಅಷ್ಟೇ. ಸಾಮಾನ್ಯವಾಗಿ ನಡುವೆ ಕಟ್ಟುತ್ತಾರೆ, ಅಲ್ಲಿ ಎಸಿ ಬೋಗಿ ನಿಲ್ಲುತ್ತದೆ. ಜನ ಹೆಚ್ಚಿರುವುದು ಎರಡೂ ತುದಿಯ ಜನರಲ್ ಬೋಗಿಗಳ ಮುಂದೆ. 'ನೆರಳು ಬೇಕು' ಎನ್ನುವ ಬದಲು 'ಮೇಲ್ಸೇತುವೆ ಮೆಟ್ಟಿಲಿನಿಂದ ಹುಬ್ಬಳ್ಳಿ ತುದಿಯವರೆಗೆ ಇಷ್ಟು ಮೀಟರ್' ಎನ್ನಿ. ಎರಡು ನೆರಳು ಕೂಡುವಲ್ಲಿ ಬರುವ ತಗ್ಗಿನ ದೋಣಿಯೇ ಮಳೆಗಾಲದಲ್ಲಿ ಮೊದಲು ಸೋರುತ್ತದೆ. ಎಲೆ, ಪಾರಿವಾಳದ ಕಸ ತುಂಬಿ ಕೆಳಪೈಪು ಕಟ್ಟಿಕೊಳ್ಳುತ್ತದೆ. ಮೇ ತಿಂಗಳಲ್ಲಿ ಒಮ್ಮೆ ಸ್ವಚ್ಛ ಮಾಡಿಸುವುದು ನಿರ್ವಹಣೆ ಪಟ್ಟಿಯಲ್ಲಿದೆಯೇ ಎಂದು ಕೇಳುವುದು ಹೊಸ ನೆರಳು ಕೇಳಿದಷ್ಟೇ ಮುಖ್ಯ.

ಪ್ರಶ್ನೆ ಕೇಳಿದವರು

ಲಿಫ್ಟ್ ಬೇಕೋ ಇಳಿಜಾರು ದಾರಿ ಬೇಕೋ ಎಂಬಲ್ಲಿ ನಮ್ಮಲ್ಲೇ ಎರಡು ಅಭಿಪ್ರಾಯ ಇದೆ. ಲಿಫ್ಟ್ ಕೆಟ್ಟು ನಿಲ್ಲುತ್ತದೆ ಎನ್ನುವವರು ಹೆಚ್ಚು.

ಸಿವಿಲ್ ಕಡೆಯವರೇ ಮತ್ತೆ

ವಿದ್ಯುತ್ ತಂತಿಯ ಮೇಲೆ ಹಾಯುವ ಸೇತುವೆಯ ನಡೆದಾಡುವ ಮಟ್ಟ ಪ್ಲಾಟ್‌ಫಾರ್ಮಿನಿಂದ 6 ಮೀ ಎತ್ತರ ಎಂದಿಟ್ಟುಕೊಳ್ಳಿ. ಗಾಲಿಕುರ್ಚಿಗೆ ಬೇಕಾದ 1:12 ಇಳಿಜಾರಿನಲ್ಲಿ 72 ಮೀ ಆಯಿತು, ನಡುನಡುವೆ ಸಮತಟ್ಟು ಸೇರಿಸಿದರೆ ಇನ್ನೂ ಉದ್ದ. ಅದೂ ಒಂದು ಬದಿಗೆ ಮಾತ್ರ. ಎರಡೂ ಬದಿಗೆ ಹಳಿ ಇರುವ ಕಿರಿದಾದ ಐಲ್ಯಾಂಡ್ ಪ್ಲಾಟ್‌ಫಾರ್ಮಿನಲ್ಲಿ ಅದನ್ನು ಇಟ್ಟರೆ ಜನ ನಿಲ್ಲಲು ಜಾಗ ಉಳಿಯುವುದಿಲ್ಲ. ಲಿಫ್ಟನ್ನೇ ಕೇಳಿ, ಆದರೆ ಬರೀ ಲಿಫ್ಟ್ ಕೇಳಬೇಡಿ. ಹೆಚ್ಚಾಗಿ ಅದು ನಿಲ್ಲುವುದು ಮೂರು ಕಾರಣಕ್ಕೆ: ಕೆಳಗಿನ ಗುಂಡಿಗೆ ಮಳೆನೀರು ಇಳಿಯುವುದು, ಕರೆಂಟು ಹೋದಾಗ ಬದಲಿ ವ್ಯವಸ್ಥೆ ಇಲ್ಲದಿರುವುದು, ರಾತ್ರಿ ಬೀಗ ಹಾಕುವುದು. ಗುಂಡಿಗೆ ನೀರೆತ್ತುವ ಪಂಪು, ಬದಲಿ ವಿದ್ಯುತ್, ಕೊನೆಯ ಗಾಡಿಯವರೆಗೆ ಚಾಲನೆ, ಒಳಗೆ ಕಾಣುವಂತೆ ದೂರು ಸಂಖ್ಯೆ, ಈ ನಾಲ್ಕನ್ನೂ ಅದೇ ಸಾಲಿನಲ್ಲಿ ಸೇರಿಸಿ.

ಟ್ರಾಫಿಕ್ ಕಡೆಯ ಅನುಭವ

ಲಿಫ್ಟಿಗಿಂತ ಮೊದಲು ಕೇಳಬೇಕಾದ್ದು ಒಂದಿದೆ. ಒಂದೇ ಐಲ್ಯಾಂಡ್ ಪ್ಲಾಟ್‌ಫಾರ್ಮಿನ ಎರಡು ಮುಖಗಳಲ್ಲಿ ಹುಬ್ಬಳ್ಳಿ ಕಡೆಯ ಗಾಡಿಯೂ ಹಾಸನದ ಗಾಡಿಯೂ ನಿಂತರೆ ಯಾರೂ ಮೆಟ್ಟಿಲು ಹತ್ತಬೇಕಿಲ್ಲ, ಹತ್ತು ಹೆಜ್ಜೆ ನಡೆದರೆ ಸಾಕು. 'ಎಲ್ಲ ಗಾಡಿಗಳನ್ನೂ ಒಂದನೇ ಪ್ಲಾಟ್‌ಫಾರ್ಮಿಗೆ ತನ್ನಿ' ಎನ್ನುವ ಬೇಡಿಕೆ ಆಗುವ ಮಾತಲ್ಲ, ಇದು ಆಗಬಹುದು.

ಯಾವಾಗಲೂ ಏಕೆ ಆಗುವುದಿಲ್ಲ ಎಂಬುದೂ ತಿಳಿದಿರಲಿ. ಶಾಖಾ ಮಾರ್ಗದ ಗಾಡಿ ಜೋಡಿ ಹಳಿಯ ಆಚೆ ಬದಿಗೆ ಹೋಗಬೇಕಾದರೆ ಅಪ್ ಮತ್ತು ಡೌನ್ ಎರಡನ್ನೂ ಕೊಯ್ದು ದಾಟುತ್ತದೆ. ಅದು ದಾಟುವಷ್ಟು ಹೊತ್ತು ಎರಡು ದಿಕ್ಕಿನ ಗಾಡಿಗಳೂ ಹೊರ ಸಿಗ್ನಲ್‌ನಲ್ಲಿ ಕಾಯಬೇಕು. 1:12 ಪಾಯಿಂಟಿನ (ಹಳಿ ಬದಲಿಸುವ ಜಾಗ) ಮೇಲೆ ಲೂಪಿಗೆ, ಅಂದರೆ ಪಕ್ಕದ ಹಳಿಗೆ, ತಿರುಗುವ ವೇಗ ಗಂಟೆಗೆ 30 ಕಿ.ಮೀ.; 600 ಮೀಟರ್ ಗಾಡಿ ಪೂರ್ತಿ ಒಳಗೆ ಬರಲು ನಿಮಿಷಗಳೇ ಹಿಡಿಯುತ್ತವೆ. ಇದಲ್ಲದೆ ಒಳಬರುವ ಗಾಡಿಗೆ ಸಿಗ್ನಲ್ ಕೊಡಬೇಕಾದರೆ ಪ್ಲಾಟ್‌ಫಾರ್ಮಿನ ತುದಿಯಲ್ಲಿ ಅದು ನಿಲ್ಲುವ ಸ್ಟಾರ್ಟರ್ ಸಿಗ್ನಲ್‌ನ (ಹೊರಡಲು ಅನುಮತಿ ಕೊಡುವ ಸಿಗ್ನಲ್) ಮುಂದೆ 120 ಮೀ ಹಳಿ ಖಾಲಿ ಇರಬೇಕು. ಆ 120 ಮೀ ಪಕ್ಕದ ಗಾಡಿಯ ದಾರಿಗೆ ಅಡ್ಡ ಬಂದರೆ ಎರಡನ್ನೂ ಒಟ್ಟಿಗೆ ತೆಗೆದುಕೊಳ್ಳಲಾಗದು. ಸ್ಟೇಷನ್ ಮಾಸ್ಟರ್ ಬೇಕೆಂದೇ ಹೊರಗೆ ನಿಲ್ಲಿಸಿದ್ದಾರೆ ಎಂದು ಬೈಯುವ ಪ್ರಸಂಗಗಳಲ್ಲಿ ಅನೇಕ ಸಲ ಇದೇ ಕಾರಣ.

ಹಾಗಾಗಿ ಎಲ್ಲ ಗಾಡಿಗೂ ಕೇಳದೆ, ನಿಮ್ಮ ಎಣಿಕೆಯಲ್ಲಿ ಅತಿ ಹೆಚ್ಚು ಜನ ಬದಲಿಸುವ ಎರಡು ಅಥವಾ ಮೂರು ಜೋಡಿಗಳನ್ನು ಗಾಡಿ ಸಂಖ್ಯೆ ಸಮೇತ ಕೇಳಿ. ಜೊತೆಗೆ, ಕಡೇ ಗಳಿಗೆಯಲ್ಲಿ ಪ್ಲಾಟ್‌ಫಾರ್ಮ್ ಬದಲಾದರೆ ಗಾಡಿ ಬರುವುದಕ್ಕೆ ಎಷ್ಟು ನಿಮಿಷ ಮುಂಚೆ ಘೋಷಣೆ ಆಗಬೇಕೆಂದು ನಿಗದಿ ಮಾಡಿಸಿಕೊಳ್ಳಿ. ಹಾಸನ ಗಾಡಿಯ ಸಮಯವನ್ನು ಹತ್ತು ನಿಮಿಷ ಮುಂದೆ ಹಾಕಬೇಕಿದ್ದರೆ ಹೊಸ ವೇಳಾಪಟ್ಟಿಗೆ ತಿಂಗಳುಗಟ್ಟಲೆ ಮುಂಚೆಯೇ ಪತ್ರ ಸೇರಬೇಕು. 2025ರ ಪಟ್ಟಿ ಜನವರಿ 1ರಿಂದ ಜಾರಿಗೆ ಬಂತು, ಡಿಸೆಂಬರಿನಲ್ಲಿ ಕೊಟ್ಟರೆ ಯಾರೂ ಮುಟ್ಟುವುದಿಲ್ಲ.

ಒಂದು ಎಚ್ಚರಿಕೆ. ಗಾಡಿಗಳು ಜಂಕ್ಷನ್ನಿನಲ್ಲಿ ಹೆಚ್ಚು ಹೊತ್ತು ಸಿಕ್ಕಿಕೊಂಡರೆ, ನಿಲ್ದಾಣಕ್ಕೆ ಬಾರದೆ ಹೊರಗಿನಿಂದಲೇ ಹೋಗುವ ಬೈಪಾಸ್ ಯೋಚನೆ ಶುರುವಾಗುತ್ತದೆ. ಬೆಂಗಳೂರಿನಿಂದ ಗದಗ ಕಡೆಗೆ ಹೋಗುವ ಗಾಡಿ ಹುಬ್ಬಳ್ಳಿ ಮುಖ್ಯ ನಿಲ್ದಾಣಕ್ಕೆ ಬಂದರೆ ಎಂಜಿನ್ ಬಿಚ್ಚಿ ಇನ್ನೊಂದು ತುದಿಗೆ ಹಾಕಬೇಕು. ಆ ಹೊತ್ತು ಉಳಿಸಲೆಂದೇ ಅಲ್ಲಿ ಬೈಪಾಸ್ ಬಂದದ್ದು. 'ಎಲ್ಲ ಗಾಡಿಯನ್ನೂ ಹತ್ತು ನಿಮಿಷ ನಿಲ್ಲಿಸಿ' ಎಂಬ ಬೇಡಿಕೆ ನಿಮ್ಮ ಪಟ್ಟಿಯಲ್ಲಿದ್ದರೆ ಇಂದೇ ಹೊಡೆದುಹಾಕಿ.

ಬೋಗಿಗೆ ನೀರು ತುಂಬಿಸುವ ಬಗ್ಗೆ

ಒಂದು ಎಲ್‌ಎಚ್‌ಬಿ ಬೋಗಿಯ ಕೆಳಗೆ 685 ಲೀಟರಿನ ಎರಡು ಟ್ಯಾಂಕು, ಒಟ್ಟು 1,370 ಲೀ. 24 ಬೋಗಿಗೆ ಸುಮಾರು 33,000 ಲೀ. ಹಳೆಯ ಪೈಪಿನ ಒತ್ತಡದಲ್ಲಿ ಇದಕ್ಕೆ 20 ನಿಮಿಷ ಬೇಕು. ಶೀಘ್ರ ನೀರು ತುಂಬುವ ವ್ಯವಸ್ಥೆಯಲ್ಲಿ 5 ನಿಮಿಷ. ನೀರು ತುಂಬಿಸುವ ನಿಲ್ದಾಣವೆಂದು ಗೊತ್ತುಪಡಿಸಿದಲ್ಲಿ ಮಾತ್ರ ಇದು ಬರುತ್ತದೆ, ಹೊಸದಾಗಿ ಕೇಳುವುದು ದುಬಾರಿ ಬಾಬತ್ತು. ಅರಸೀಕೆರೆಯಂಥ ಒಣ ಸೀಮೆಯಲ್ಲಿ ಬೇಸಿಗೆಯಲ್ಲಿ ನೀರಿನ ಮೂಲವೇ ಮೊದಲ ಪ್ರಶ್ನೆಯಾಗುತ್ತದೆ. ಇದು ಪಟ್ಟಿಯ ಕೊನೆಗಿರಲಿ.

ಮಾಹಿತಿ ಹಕ್ಕಿನ ಬಗ್ಗೆ

ಮನವಿಗೆ ಮೊದಲು ಒಂದು ಆರ್‌ಟಿಐ ಹಾಕಿ. ಶುಲ್ಕ 10 ರೂ., ಪುಟಕ್ಕೆ 2 ರೂ., ಉತ್ತರಕ್ಕೆ 30 ದಿನ. ಅರ್ಜಿ 500 ಪದದೊಳಗಿರಲಿ. 'ಏಕೆ ಮಾಡಿಲ್ಲ' ಎಂದು ಕೇಳಿದರೆ ಅದು ಮಾಹಿತಿಯಲ್ಲ ಎಂದು ತಿರುಗಿ ಬರುತ್ತದೆ. ದಾಖಲೆಯ ಪ್ರತಿ ಕೇಳಿ. ಮೂರು ವರ್ಷದಲ್ಲಿ ಇಲ್ಲಿಂದ ಹೊರಟ ಪ್ರಯಾಣಿಕರ ಸಂಖ್ಯೆ ಮತ್ತು ಆದಾಯ, ನಿಲ್ದಾಣದ ದರ್ಜೆ, ಪ್ರತಿ ಪ್ಲಾಟ್‌ಫಾರ್ಮಿನ ಉದ್ದ ಹಾಗೂ ಎತ್ತರ, ಕನಿಷ್ಠ ಸೌಲಭ್ಯಗಳಲ್ಲಿ ಕೊರತೆಯ ಪಟ್ಟಿ, ಮಂಜೂರಾದ ಕಾಮಗಾರಿಗಳ ಹೆಸರು, ಮೊತ್ತ, ಮುಗಿಯಬೇಕಾದ ದಿನಾಂಕ. ಕೊರತೆಯ ಪಟ್ಟಿಯಲ್ಲಿ ಅವರೇ ಒಪ್ಪಿಕೊಂಡದ್ದನ್ನು ಮನವಿಯ ಮೊದಲ ಸಾಲಾಗಿಸಿ. ಕಮಾನು ಮತ್ತು ಮುಂಭಾಗದ ಅಂದ ನೀವು ಕೇಳದಿದ್ದರೂ ಆಗುತ್ತದೆ. 2025ರ ಮೇ 22ರಂದು ಉದ್ಘಾಟನೆಯಾದ 103 ನಿಲ್ದಾಣಗಳಲ್ಲಿ ಗದಗ ಜಂಕ್ಷನ್ನೂ ಇತ್ತು. ಒಮ್ಮೆ ಹೋಗಿ ನೋಡಿ ಬನ್ನಿ, ಮುಂಭಾಗವನ್ನಲ್ಲ, ಪ್ಲಾಟ್‌ಫಾರ್ಮಿನ ತುದಿಗಳನ್ನು.

ನಿಲುಗಡೆ ಬಗ್ಗೆ, ಚಿಕ್ಕದಾಗಿ

ಹೊಸ ನಿಲುಗಡೆ ಸಾಮಾನ್ಯವಾಗಿ ಆರು ತಿಂಗಳ ಪ್ರಾಯೋಗಿಕ ಅವಧಿಗೆ ಸಿಗುತ್ತದೆ. ಅಷ್ಟರಲ್ಲಿ ಆ ಗಾಡಿಗೆ ನಿಮ್ಮ ನಿಲ್ದಾಣದಿಂದ ಎಷ್ಟು ಟಿಕೆಟ್ ಹೋಯಿತು ಎಂದು ನೋಡುತ್ತಾರೆ. ಸೀಟು ಸಿಗಲೆಂದು ಹಿಂದಿನ ದೊಡ್ಡ ನಿಲ್ದಾಣದಿಂದ ಬುಕ್ ಮಾಡಿ ಇಲ್ಲಿ ಹತ್ತುವ ಅಭ್ಯಾಸ ಇದ್ದರೆ ಆ ಟಿಕೆಟ್ ಅಲ್ಲಿಯ ಲೆಕ್ಕಕ್ಕೇ ಹೋಗುತ್ತದೆ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ವಂದನೆ. ಪಟ್ಟಿ ಏಳಕ್ಕೆ ಇಳಿದಿದೆ. ಮೊದಲನೆಯದನ್ನು ಹೀಗೆ ಬರೆದಿದ್ದೇವೆ: 'ಹುಬ್ಬಳ್ಳಿ ಕಡೆಯಿಂದ ಬರುವ ಗಾಡಿಗಳಿಂದ ಹಾಸನ ಗಾಡಿಗೆ ಬದಲಿಸುವವರಿಗೆ ತುಂಬಾ ತೊಂದರೆಯಾಗುತ್ತಿದ್ದು, ಆದಷ್ಟು ಬೇಗ ಎರಡೂ ಗಾಡಿಗಳನ್ನು ಒಂದೇ ಐಲ್ಯಾಂಡ್ ಪ್ಲಾಟ್‌ಫಾರ್ಮಿಗೆ ತರಬೇಕು.'

ಟ್ರಾಫಿಕ್ ಕಡೆಯವರು

'ತುಂಬಾ ತೊಂದರೆ' ತೆಗೆದು ಏಳು ದಿನದ ಎಣಿಕೆ ಹಾಕಿ. 'ಆದಷ್ಟು ಬೇಗ' ತೆಗೆದು 'ಮುಂದಿನ ವೇಳಾಪಟ್ಟಿಯಿಂದ' ಎನ್ನಿ. 'ಗಾಡಿಗಳಿಂದ' ಎಂಬಲ್ಲಿ ಸಂಖ್ಯೆಗಳು ಬರಲಿ. ಎಣಿಕೆಯ ಹಾಳೆಯನ್ನು ಅನುಬಂಧವಾಗಿ ಸೇರಿಸಿ, ಪ್ರತಿ ಪುಟಕ್ಕೂ ಎಣಿಸಿದವರ ಸಹಿ ಇರಲಿ.